ಇಲ್ಲದ ಕ್ಯಾಮೆರಾದ ಹಾಜರಿ

ತುಮಕೂರಿನ ಕ್ಯಾತ್ಸಂದ್ರದಲ್ಲಿ ಕೂತು ಬೆಂಗಳೂರಿನ ಸಂಬಳ ಎಣಿಸುವವರಿಗೆ ಎರಡು ಸಂಗತಿ ತಪ್ಪಿದ್ದಲ್ಲ: ಬೆಳಿಗ್ಗೆ ತಟ್ಟೆ ಇಡ್ಲಿ, ಆಮೇಲೆ ವಿಡಿಯೊ ಮೀಟಿಂಗು. ಮೊದಲನೆಯದಕ್ಕೆ ಮುಖ ತೊಳೆದರೆ ಸಾಕು. ಎರಡನೆಯದಕ್ಕೆ ಬೆನ್ನ ಹಿಂದಿನ ಗೋಡೆಯನ್ನೂ ತೊಳೆಯಬೇಕು. ನಮ್ಮ ಗೋಡೆಯಲ್ಲಿ ಸಿದ್ಧಗಂಗಾ ಮಠದ ಕ್ಯಾಲೆಂಡರಿನ ಪಕ್ಕದಲ್ಲೇ ಒಣಗುವ ಪಂಚೆಯೂ ದರ್ಶನ ಕೊಡುತ್ತದೆ. ಅದಕ್ಕೇ ಓಬಿಎಸ್ ಸ್ಟುಡಿಯೊಗೆ ಶರಣಾದೆ.

ಇದು ಪುಕ್ಕಟೆ ತಂತ್ರಾಂಶ. 2012ರಲ್ಲಿ ಹುಟ್ಟಿದ್ದು, 2020ರಲ್ಲಿ, ಊರಿಗೆ ಊರೇ ಮನೆಯಿಂದ ಕೆಲಸ ಮಾಡುತ್ತಿದ್ದಾಗ, ವರ್ಚುವಲ್ ಕ್ಯಾಮೆರಾವನ್ನು ತನ್ನೊಳಗೇ ಸೇರಿಸಿಕೊಂಡಿತು. ಈ ಕ್ಯಾಮೆರಾದ ಗುಟ್ಟು ಕಾಲೇಜಿನ ಪ್ರಾಕ್ಸಿ ಹಾಜರಿಯದೇ. ಕ್ಯಾಮೆರಾ ಎಂಬ ವಸ್ತುವೇ ಇಲ್ಲ, ಆದರೂ ಕಂಪ್ಯೂಟರ್ "ಯಾರ್ಯಾರು ಕ್ಯಾಮೆರಾ ಇದ್ದೀರಿ?" ಎಂದು ಹೆಸರು ಕೂಗಿದಾಗ ತಂತ್ರಾಂಶ "ಪ್ರೆಸೆಂಟ್ ಸಾರ್" ಅನ್ನುತ್ತದೆ. ಹಾಜರಿ ಕೂಗುವ ಮೇಷ್ಟ್ರಿಗಿಲ್ಲದ, ತಲೆಯೆತ್ತಿ ನೋಡುವ ಅಭ್ಯಾಸ ಝೂಮ್, ಮೀಟ್‌ಗಳಿಗೂ ಇಲ್ಲ. ಸೆಕೆಂಡಿಗೆ 30ರಂತೆ ಚಿತ್ರ ಬರುತ್ತಿದ್ದರೆ ಸರಿ, ಅವು ಲೆನ್ಸಿನಿಂದ ಬಂದವೋ ಮೆಮೊರಿಯಿಂದ ಬಂದವೋ ಎಂದು ವಿಚಾರಿಸುವುದಿಲ್ಲ.

ಆ ಚಿತ್ರಗಳಲ್ಲಿ ಏನು ಬೇಕಾದರೂ ಬೆರೆಸಬಹುದು. ನಮ್ಮ ಬೀದಿಯ ಲೆಕ್ಕದ ಮೇಷ್ಟ್ರು ಫೋನಿನ ಕ್ಯಾಮೆರಾವನ್ನು ಪುಸ್ತಕದ ಮೇಲೆ ತೂಗುಬಿಟ್ಟು, ತಮ್ಮ ಮುಖವನ್ನು ಪರದೆಯ ಮೂಲೆಗೆ ಸರಿಸಿ ಪಾಠ ಮಾಡುತ್ತಾರೆ. ಮಕ್ಕಳಿಗೆ ಎರಡು ರೀತಿಯಲ್ಲೂ ಲಾಭ. 2021ರಲ್ಲಿ ಟೆಕ್ಸಾಸಿನ ವಕೀಲರೊಬ್ಬರು ಬೆಕ್ಕಿನ ಮುಖ ಹೊತ್ತು ಆನ್‌ಲೈನ್ ಕೋರ್ಟಿಗೆ ಹಾಜರಾಗಿ, ತಾವು ಬೆಕ್ಕಲ್ಲವೆಂದು ನ್ಯಾಯಾಧೀಶರಿಗೆ ಅರಿಕೆ ಮಾಡಿಕೊಂಡದ್ದೂ ಇಂಥದೇ ಕೈಚಳಕದಿಂದ.

ನಾನು ಬೆನ್ನ ಹಿಂದೆ ಹಸಿರು ಬಟ್ಟೆ ಕಟ್ಟಿದೆ. ಹಸಿರು ಕಂಡಲ್ಲೆಲ್ಲ ಅಳಿಸಿ, ನಾವು ಕೊಟ್ಟ ಚಿತ್ರವನ್ನು ತಂತ್ರಾಂಶ ತುಂಬುತ್ತದೆ. ಪಂಚೆ ಹೋಗಿ ಸ್ವಿಟ್ಜರ್ಲೆಂಡಿನ ಹಿಮಬೆಟ್ಟ ಬಂತು. ಅಷ್ಟರಲ್ಲಿ ಅತ್ತಿಗೆ ಹಸಿರು ಸೀರೆಯುಟ್ಟು ತಿಂಡಿ ತಂದರು. ಯಂತ್ರಕ್ಕೆ ಬಟ್ಟೆಯೇನು, ಸೀರೆಯೇನು! ಆಲ್ಪ್ಸ್ ಪರ್ವತದ ಮೇಲೆ ಒಂದು ತಲೆ, ಎರಡು ಕೈ, ಒಂದು ತಟ್ಟೆ ಇಡ್ಲಿ ತೇಲಿ ಬಂದವು. "ಆರೋಗ್ತದೆ ಕಣಪ್ಪ, ಮೊದ್ಲು ತಿನ್ನು" ಎಂದಿತು ತಲೆ. ಮ್ಯಾನೇಜರು ಬೆಟ್ಟದ ಬಗ್ಗೆ ಕೇಳಲಿಲ್ಲ, ಮುಂಡವಿಲ್ಲದ ಅತ್ತಿಗೆಯ ಬಗ್ಗೆಯೂ ಕೇಳಲಿಲ್ಲ. "ಇಡ್ಲಿ ಕ್ಯಾತ್ಸಂದ್ರದ್ದಾ?" ಎಂದರು.

ಕಂಪ್ಯೂಟರನ್ನು ನಂಬಿಸುವುದು ಸುಲಭ. ತುಮಕೂರು ರಸ್ತೆಯಲ್ಲಿ ಒಮ್ಮೆಯಾದರೂ ಗಾಡಿ ನಿಲ್ಲಿಸಿ ತಿಂದವರನ್ನು ನಂಬಿಸುವ ತಂತ್ರಾಂಶ ಇನ್ನೂ ಬಂದಿಲ್ಲ. ನೀವೂ ಓಬಿಎಸ್ ಹಾಕಿಕೊಳ್ಳಿ, ಕಾಸು ಖರ್ಚಿಲ್ಲ. ಮನೆಯ ಹಸಿರು ಸೀರೆಗಳನ್ನು ಮಾತ್ರ ಮೀಟಿಂಗ್ ಮುಗಿಯುವವರೆಗೆ ಬೀರುವಿನಲ್ಲಿಡಿಸಿ.