ಘಳಿಗೆ ಪಂಡಿತರು

ವಿಜಯನಗರ ಏಕೆ ಬಿತ್ತು ಎಂಬುದನ್ನು ಒಂದು ಪ್ಲೇಟ್ ಒಗ್ಗಾಣಿ-ಮಿರ್ಚಿ ಮುಗಿಯುವುದರೊಳಗೆ ಹೇಳಿಬಿಡಬಲ್ಲ ಪಂಡಿತರು ಹೊಸಪೇಟೆಗೆ ಯಾವತ್ತೂ ಕಡಿಮೆಯಾಗಿಲ್ಲ. ಸಾಮಾನ್ಯವಾಗಿ ನಿವೃತ್ತರು. ಕಂಕುಳಲ್ಲೊಂದು ಪಂಚಾಂಗ, ಮೊಬೈಲಿನಲ್ಲಿ ಇನ್ನೊಂದು. ಎರಡಕ್ಕೂ ನಾಲ್ಕು ನಿಮಿಷದ ತಕರಾರು. ಅವರ ಸಂಶೋಧನೆಯ ವಿಷಯ ಕಾಲದ ಮಹಿಮೆ. 1565ರಲ್ಲಿ ರಾಮರಾಯನ ತಲೆ ಹೋದದ್ದಕ್ಕೆ ಅವರ ಪ್ರಕಾರ ಸುಲ್ತಾನರು ಬರೀ ನೆಪ. ನಿಜವಾದ ಅಪರಾಧಿ 1336ರ ಒಬ್ಬ ದಾಸಯ್ಯ. ವಿದ್ಯಾರಣ್ಯರು ಮುಹೂರ್ತ ನೋಡುತ್ತ ಕುಳಿತು, ತಾವು ಶಂಖ ಊದಿದೊಡನೆ ಅಡಿಗಲ್ಲು ಇಡಿ ಎಂದಿದ್ದರಂತೆ. ಅಷ್ಟರಲ್ಲಿ ಭಿಕ್ಷಕ್ಕೆ ಹೊರಟ ದಾಸಯ್ಯ ತನ್ನ ಶಂಖ ಊದಿದ, ಕಾದು ನಿಂತಿದ್ದವರು ಕಲ್ಲಿಟ್ಟರು, ಸಾವಿರಾರು ವರ್ಷ ಬಾಳಬೇಕಿದ್ದ ರಾಜ್ಯ ಕೆಲವು ನೂರಕ್ಕೇ ಮುಗಿಯಿತು. ಆ ದಿನ ದಾಸಯ್ಯನಿಗೆ ಭಿಕ್ಷೆಯಾದರೂ ಸಿಕ್ಕಿತೇ ಎಂದು ಯಾವ ಪಂಡಿತರೂ ವಿಚಾರಿಸಿಲ್ಲ.

ಇವರನ್ನು ಮೂಢರೆಂದು ತಳ್ಳಿಹಾಕುವುದು ಸುಲಭ, ಆದರೆ ನ್ಯಾಯವಲ್ಲ. ಅವರ ಗಣಿತ ಗಟ್ಟಿಯಾದದ್ದೇ. ಅದನ್ನು ಓಡಿಸುವ ದಿಕ್ಕು ಮಾತ್ರ ತಪ್ಪು. ಶಕವರ್ಷ, ಸಂವತ್ಸರ, ತಿಥಿ, ವಾರ ಒಂದಕ್ಕೊಂದು ತಾಳೆಯಾಗುತ್ತವೆಯೇ ಎಂದು ನೋಡಿಯೇ ಶಾಸನತಜ್ಞರು ಕಾಲನಿರ್ಣಯ ಮಾಡುತ್ತಾರೆ. 1900ರಲ್ಲಿ ವಿಜಯನಗರದ ಚರಿತ್ರೆ ಬರೆದ ರಾಬರ್ಟ್ ಸಿವೆಲ್, ಅದಕ್ಕೂ ಮೊದಲೇ 1896ರಲ್ಲಿ ಶಂಕರ ಬಾಲಕೃಷ್ಣ ದೀಕ್ಷಿತರ ಜೊತೆ ಭಾರತೀಯ ಪಂಚಾಂಗದ ಮೇಲೊಂದು ಪುಸ್ತಕ ತಂದವನು. ರಾಯಚೂರಿನ ಯುದ್ಧ 1522ರಲ್ಲಿ, ಒಂದು ಶನಿವಾರ ನಡೆಯಿತೆಂದು ಪೋರ್ಚುಗೀಸ್ ವ್ಯಾಪಾರಿ ನೂನಿಜ್ ಬರೆದಿದ್ದ. ಸಿವೆಲ್ ಚಂದ್ರನ ಗತಿಯನ್ನೂ ವಾರವನ್ನೂ ಲೆಕ್ಕಹಾಕಿ, ಅದು 1520ರ ಮೇ 19 ಎಂದು ತಿದ್ದಿದ. ಹಿಂದಕ್ಕೆ ಓಡಿಸಿದಾಗ ಪಂಚಾಂಗ ಇಷ್ಟು ಚೆನ್ನಾಗಿ ಸಾಕ್ಷಿ ಹೇಳುತ್ತದೆ. ನಮ್ಮ ಪಂಡಿತರು ಅದನ್ನು ಮುಂದಕ್ಕೆ ಓಡಿಸಿ ಅಪ್ಪಣೆ ಕೊಡಿಸುತ್ತಾರೆ.

ಮುಂದಕ್ಕೆ ಓಡಿಸಿದರೆ ಏನಾಗುತ್ತದೆಂದು ಸಂಡೂರು ನೋಡಿದೆ. ಅದಿರಿನ ಭರಾಟೆಯ ದಿನಗಳಲ್ಲಿ ಲಾರಿ ಕೊಂಡವರು ಒಬ್ಬೊಬ್ಬರೂ ತಮ್ಮ ತಮ್ಮ ನಕ್ಷತ್ರಕ್ಕೆ ಕೂಡಿಬರುವ ಘಳಿಗೆಯಲ್ಲೇ ನಿಂಬೆಹಣ್ಣು ತುಳಿಸಿ ಹೊರಟಿದ್ದರು. 2011ರ ಜುಲೈ 29ರಂದು ಸುಪ್ರೀಂ ಕೋರ್ಟು ಬಳ್ಳಾರಿಯ ಗಣಿಗಾರಿಕೆಯನ್ನು ನಿಲ್ಲಿಸಿದಾಗ ಬೇರೆ ಬೇರೆ ಮುಹೂರ್ತದ ಲಾರಿಗಳೆಲ್ಲ ಒಟ್ಟಿಗೇ ನಿಂತವು. ಇನ್ನು ಕಂಪ್ಲಿಯ ಮಾತು ಕೇಳಲೇಬೇಡಿ. ಕಂಪಿಲರಾಯನ ರಾಜ್ಯ ದೆಹಲಿಯ ಸೈನ್ಯದ ಕೈಗೆ ಬಿದ್ದದ್ದು ದಾಸಯ್ಯ ಶಂಖ ಊದುವುದಕ್ಕೆ ಮೊದಲೇ. ಇದನ್ನು ಎತ್ತಿದರೆ ಪಂಡಿತರು ಕ್ಷಣ ಹೊತ್ತು ಸುಮ್ಮನಿದ್ದು, ಅಲ್ಲಿಯೂ ಒಂದು ಶಂಖ ಇದ್ದಿರಲೇಬೇಕು ಎನ್ನುತ್ತಾರೆ.

ಇದರಿಂದ ಯಾರಿಗೇನು ನಷ್ಟ, ನಾಲ್ಕು ಜನಕ್ಕೆ ಧೈರ್ಯ ಬರುತ್ತದಲ್ಲ ಎನ್ನುವವರಿದ್ದಾರೆ. ಧೈರ್ಯ ಬರಲಿ, ಬೇಡವೆಂದವರಾರು? ನಷ್ಟವಿರುವುದು ಕೆಲಸ ಕೆಟ್ಟ ಮೇಲೆ ಬರುವ ವಿವರಣೆಯಲ್ಲಿ. 2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಅಣೆಕಟ್ಟಿನ 19ನೇ ಗೇಟಿನ ಚೈನು ತುಂಡಾಗಿ ಗೇಟು ಕೊಚ್ಚಿಹೋಯಿತು. ಅಂದು ಶನಿವಾರ, ಕಬ್ಬಿಣ ಶನಿಯ ಲೋಹ, ಪಂಡಿತರಿಗೆ ಇನ್ನೇನು ಬೇಕು! ಆದರೆ 1953ರಿಂದ ಆ ಅಣೆಕಟ್ಟು ಮೂರೂವರೆ ಸಾವಿರಕ್ಕೂ ಹೆಚ್ಚು ಶನಿವಾರಗಳನ್ನು ಕಂಡಿತ್ತು. ಶನಿಯನ್ನು ಹೊಣೆ ಮಾಡಿದರೆ ಚೈನಿನ ವಯಸ್ಸನ್ನು ಯಾರೂ ಕೇಳುವುದಿಲ್ಲ. ಕಡೆಗೆ ನೀರು ನಿಂತದ್ದು ಹರಿಯುವ ಪ್ರವಾಹದಲ್ಲೇ ಸ್ಟಾಪ್‌ಲಾಗ್ ಇಳಿಸಿದವರಿಂದ.

ಹಾಗಾದರೆ ವಿರೂಪಾಕ್ಷನ ತೇರನ್ನು ಪಂಚಾಂಗ ನೋಡದೆ ಎಳೆಯುವುದೇ ಎಂಬ ಪ್ರಶ್ನೆ ಬರುತ್ತದೆ. ಖಂಡಿತ ನೋಡಿಯೇ ಎಳೆಯಬೇಕು. ಸಾವಿರಾರು ಜನ ಒಂದೇ ದಿನ ಹಂಪಿಗೆ ಬಂದು ಸೇರುವುದಕ್ಕೆ ಒಂದು ದಿನ ಗೊತ್ತಾಗಬೇಕು. ಆ ಉಪಕಾರವನ್ನು ಪಂಚಾಂಗ ಶತಮಾನಗಳಿಂದ ಮಾಡಿದೆ. ಕಾಲವನ್ನು ಎಲ್ಲರೂ ಕೂಡಿ ಗೊತ್ತುಮಾಡಿಕೊಳ್ಳುವುದು ಬೇರೆ, ಅದಕ್ಕೆ ಲಂಚ ಕೊಟ್ಟು ಒಲಿಸಿಕೊಳ್ಳಲು ನೋಡುವುದು ಬೇರೆ.

ಇಷ್ಟು ಲೆಕ್ಕ ಬಲ್ಲವರು ಹೋಟೆಲಿನಲ್ಲಿ ವ್ಯರ್ಥವಾಗಬಾರದು. ವಿರೂಪಾಕ್ಷ ಗುಡಿಯಲ್ಲಿ ಕೃಷ್ಣದೇವರಾಯನ 1510ರ ಶಾಸನ ನಿಂತಿದೆ. ಪಂಡಿತರು ಅದರ ತಿಥಿಯನ್ನು ತಾವೇ ತಾಳೆ ನೋಡಲಿ. ಅಲ್ಲಿಂದ ಕಮಲಾಪುರದ ಮ್ಯೂಸಿಯಂ ದೂರವೇನಲ್ಲ. ಅದಕ್ಕೆ ಶುಕ್ರವಾರ ರಜೆ. ಉಳಿದ ದಿನ ರಾಹುಕಾಲದಲ್ಲೂ ಬಾಗಿಲು ತೆರೆದಿರುತ್ತದೆ.