ಮುತ್ತು ಒಂದಿದ್ದರೂ ಇರಬಹುದು: ಆಲ್ದೂರಿನ ಕಣದಲ್ಲಿ ಎಂಡರ್‌ಮ್ಯಾನ್ ಜೊತೆ ಮಾತುಕತೆ

ಮೈನ್‌ಕ್ರಾಫ್ಟ್ ಎಂಬ ಆಟ ಗೊತ್ತಿಲ್ಲದ ಹಿರಿಯರಿಗೆ ಮೊದಲು ಎರಡು ಮಾತು. ಸ್ವೀಡನ್ನಿನಲ್ಲಿ ಹುಟ್ಟಿ, 2011ರಲ್ಲಿ ಪೂರ್ತಿ ರೂಪದಲ್ಲಿ ಹೊರಬಂದು, 2014ರಲ್ಲಿ ಮೈಕ್ರೋಸಾಫ್ಟ್ ಕಂಪನಿ 250 ಕೋಟಿ ಡಾಲರ್ ಕೊಟ್ಟು ಕೊಂಡುಕೊಂಡ ಚೌಕ ಚೌಕದ ಲೋಕ ಅದು. ಮಣ್ಣು ಅಗೆಯುವುದು, ಮರ ಕಡಿಯುವುದು, ಮನೆ ಕಟ್ಟುವುದು, ರಾತ್ರಿ ಬರುವ ಪ್ರಾಣಿಗಳಿಂದ ಜೀವ ಉಳಿಸಿಕೊಳ್ಳುವುದು. ನಮ್ಮ ಅಜ್ಜಂದಿರು ಕಾಡು ಕಡಿದು ತೋಟ ಎಬ್ಬಿಸುವಾಗ ಮಾಡಿದ್ದನ್ನೇ ಮೊಮ್ಮಕ್ಕಳು ಈಗ ಹೆಬ್ಬೆರಳಲ್ಲಿ ಮಾಡುತ್ತಿದ್ದಾರೆ. ಆ ಲೋಕದ ಕೊನೆಯ ಸೀಮೆಗೆ ‘ದಿ ಎಂಡ್’ ಎಂದು ಹೆಸರು. ಅಲ್ಲಿ ಹಗಲಿಲ್ಲ, ಮಳೆಯಿಲ್ಲ. ಕಪ್ಪು ಆಕಾಶದಲ್ಲಿ ತೇಲುವ ತೆಳುಹಳದಿ ಕಲ್ಲಿನ ನಡುಗಡ್ಡೆ, ಅದರ ಮೇಲೆ ಸುತ್ತುವ ಒಂದು ಡ್ರ್ಯಾಗನ್, ಕೆಳಗೆ ಗುಂಪುಗುಂಪಾಗಿ ಅಡ್ಡಾಡುವ, ಕಪ್ಪಗೆ ಉದ್ದಕ್ಕಿರುವ ಎಂಡರ್‌ಮ್ಯಾನ್‌ಗಳು.

ಅವರಲ್ಲೊಬ್ಬರು ಫೆಬ್ರವರಿಯಲ್ಲಿ ನಮ್ಮ ಕಣಕ್ಕೆ ಬಂದಿದ್ದರು. ಆಳು ಹತ್ತಿರ ಹತ್ತಿರ ಮೂರು ಮೀಟರ್ ಎತ್ತರ, ಜಗಲಿಯ ಮಾಡಿನ ಕೆಳಗೆ ತಲೆ ಹಿಡಿಸಲಿಲ್ಲ. ಒಣಗಲು ಹರವಿದ್ದ ರೋಬಸ್ಟಾ ಪಕ್ಕದಲ್ಲಿ ನಿಂತೇ ಮಾತಾಡಿದರು. ಅವರ ಕಣ್ಣಿಗೆ ಕಣ್ಣು ಕೊಟ್ಟರೆ ಮೈಮೇಲೆ ಬೀಳುತ್ತಾರೆ ಎಂಬುದು ಆ ಲೋಕದ ಎಳೆಮಕ್ಕಳಿಗೂ ಗೊತ್ತು. ಅದಕ್ಕೆ ಮದ್ದೆಂದರೆ ಕೊರೆದ ಕುಂಬಳಕಾಯಿಯನ್ನು ತಲೆಗೆ ಹಾಕಿಕೊಳ್ಳುವುದು. ನಾನು ಹಾಕಿಕೊಂಡೇ ಕೂತಿದ್ದೆ. ಅವರ ದನಿ ಮನುಷ್ಯರ ಮಾತನ್ನೇ ಹಿಂದುಮುಂದಾಗಿ ತಿರುಗಿಸಿ ಎಳೆದಂತಿರುತ್ತದೆ. ಮೊಬೈಲಿನಲ್ಲಿ ಹಿಡಿದು, ಉಲ್ಟಾ ಹಾಕಿ ಕೇಳಿ ಬರೆದಿದ್ದೇನೆ.

ನಾನು: ನಮ್ಮೂರು ಹೇಗನ್ನಿಸ್ತು?

ಎಂಡರ್‌ಮ್ಯಾನ್: ಈಗೇನೋ ಚೆನ್ನಾಗಿದೆ ಗೌಡ್ರೆ. ಆದ್ರೆ ಮಳೆಗಾಲದ ಕತೆ ಕೇಳಿದ್ದೀನಿ. ನಮ್ಮ ಜಾತಿಗೆ ನೀರು ತಾಗಿದ್ರೆ ಮೈ ಸುಡುತ್ತೆ. ನಮ್ಮ ಸೋದರಳಿಯ ಒಬ್ಬ ಜುಲೈನಲ್ಲಿ ಇಲ್ಲಿಗೆ ಬಂದು ಒಂದು ಗಳಿಗೆಯೊಳಗೆ ಹದಿನಾರು ಕಡೆ ಮಾಯವಾಗಿ ಮಾಯವಾಗಿ ನೋಡಿದ. ಎಲ್ಲಿ ಹೋದ್ರೂ ಮಳೆಯೇ. ಕೊನೆಗೆ ಒಂದು ಗೋದಾಮಿನೊಳಗೆ ಕಾಫಿ ಮೂಟೆ ಸಂದಿ ಸಿಕ್ತಂತೆ.

ನಾನು: ಈಗ ಭಯ ಇಲ್ಲ ಬಿಡಿ, ಬೇಸಿಗೆ.

ಎಂಡರ್‌ಮ್ಯಾನ್: ಹಾಗನ್ನಬೇಡಿ. ನೀವೂ ಅರ್ಧ ಗಂಟೆಯಿಂದ ಆಕಾಶವನ್ನೇ ನೋಡ್ತಿದ್ದೀರಿ. ಮಳೆ ಬಿದ್ರೆ ಕಣದಲ್ಲಿರೋ ಕಾಫಿಗೂ ನನಗೂ ಒಂದೇ ಗತಿ. ಆಮೇಲೆ ಹಣ್ಣು ಒಳಗೆ ಹೋದ ಮಾರನೇ ದಿನದಿಂದ ನೀವೇ ಹೂಮಳೆ ಬರಲಿ ಅಂತ ಹರಕೆ ಹೊರ್ತೀರಿ. ಬಂದ್ರೆ ಮತ್ತೆ ಬ್ಯಾಕಿಂಗ್ ಮಳೆ ಬೇಕು ಅಂತೀರಿ. ಈ ಊರಲ್ಲಿ ಮಳೆ ಆಗಿ ಹುಟ್ಟೋದಕ್ಕಿಂತ ನಮ್ಮ ಶೂನ್ಯದಲ್ಲಿ ಇರೋದು ಮೇಲು.

ನಾನು: ಕಣ್ಣು ನೋಡಿದ್ರೆ ಅಷ್ಟು ಸಿಟ್ಟು ಯಾಕೆ?

ಎಂಡರ್‌ಮ್ಯಾನ್: ನಿಮ್ಮಲ್ಲಿ ಯಾರು ಯಾರ ಕಣ್ಣು ನೋಡ್ತಾರೆ ಹೇಳಿ. ಸಾಲ ಕೊಟ್ಟೋರು ಪೇಟೆಯಲ್ಲಿ ಸಿಕ್ರೆ ನೀವು ಕಣ್ಣು ತಪ್ಪಿಸ್ತೀರಿ. ಸಂಬಳ ಕೇಳೋಕೆ ಲೈನ್ ಮನೆಯಿಂದ ಆಳು ಬಂದ್ರೆ ರೈಟರ್ ಪುಸ್ತಕದೊಳಗೆ ಮುಖ ಹಾಕ್ತಾನೆ. ಆನೆ ಎದುರಾದ್ರಂತೂ ಕಣ್ಣು ಬೇಡ, ಬೆನ್ನು ತೋರಿಸದೆ ಮೆಲ್ಲಗೆ ಹಿಂದೆ ಸರೀರಿ ಅಂತ ನಿಮ್ಮ ಹಿರಿಯರೇ ಹೇಳ್ತಾರೆ. ನಾನು ಅದೇ ಮರ್ಯಾದೆ ಕೇಳಿದ್ರೆ ರಾಕ್ಷಸ.

ನಾನು: ಆನೆ ಬೇರೆ, ನೀವು ಬೇರೆ.

ಎಂಡರ್‌ಮ್ಯಾನ್: ಏನು ಬೇರೆ? ‘ಆನೆ ಗುಂಪು ಇಂಥ ಎಸ್ಟೇಟಿನಲ್ಲಿದೆ, ಹುಷಾರು’ ಅಂತ ಬೆಳಗ್ಗೆ ಎದ್ದ ಕೂಡಲೇ ನಿಮ್ಮ ವಾಟ್ಸಾಪಿಗೆ ಬರುತ್ತೆ. ನಿಮ್ಮ ಮೊಮ್ಮಗ ನಮ್ಮ ಲೋಕಕ್ಕೆ ಇಳಿದ ಕೂಡಲೇ ‘ಎಂಡರ್‌ಮ್ಯಾನ್ ಗುಂಪು ಇದೆ, ಹುಷಾರು’ ಅಂತ ಗೆಳೆಯನಿಗೆ ಕಿರುಚ್ತಾನೆ. ಅದು ನಮ್ಮೂರು ಗೌಡ್ರೆ. ನಮ್ಮೂರಲ್ಲಿ ನಾವಿರದೆ ಆಲ್ದೂರು ಸಂತೆಯಲ್ಲಿ ಇರ್ಬೇಕಿತ್ತಾ?

(ಇಲ್ಲಿ ಕುಂಬಳಕಾಯಿಯೊಳಗೆ ಸ್ವಲ್ಪ ಬೆವರಿತು. 2022ರಲ್ಲಿ ಸರ್ಕಾರ ಈ ಜಿಲ್ಲೆಗೂ ಆನೆ ಕಾರ್ಯಪಡೆ ಮಾಡಿತು. ಆನೆ ದಾಟುವ ದಾರಿಗೆ ಅಡ್ಡ ಬೇಲಿ ಹಾಕಿದವರ ಮೇಲೂ ಒಂದು ಕಾರ್ಯಪಡೆ ಬೇಕೆಂದು ಯಾರೂ ಕೇಳಿದಂತಿಲ್ಲ. ನಾನೂ ಕೇಳಿಲ್ಲ, ನಮ್ಮದೂ ಬೇಲಿ ಇದೆ.)

ನಾನು: ನಿಮ್ಮ ಮೇಲೆ ಬಾಣ ಬಿಟ್ಟರೆ ತಾಗೋದೇ ಇಲ್ವಂತೆ?

ಎಂಡರ್‌ಮ್ಯಾನ್: ಬಾಣ ಹತ್ತಿರ ಬರೋವಾಗ ಅಲ್ಲಿ ನಾನಿರೋದಿಲ್ಲ. ಈ ವಿದ್ಯೆ ನಿಮ್ಮ ಕಚೇರಿಗಳಲ್ಲೂ ಚೆನ್ನಾಗಿ ಬಲ್ಲರು. ಅರ್ಜಿ ಹಿಡ್ಕೊಂಡು ಒಳಗೆ ಕಾಲಿಟ್ಟರೆ ಸಾಹೇಬರು ಮೀಟಿಂಗಿಗೆ ಹೋಗಿರ್ತಾರೆ.

ನಾನು: ನಿಮ್ಮ ಲೋಕಕ್ಕೆ ದಾರಿ ಯಾವುದು? ಮಕ್ಕಳು ಏನೋ ಮುತ್ತು, ಕಣ್ಣು ಅಂತಿರ್ತಾರೆ.

ಎಂಡರ್‌ಮ್ಯಾನ್: ಅದನ್ನ ಕೇಳ್ಬಾರ್ದಿತ್ತು. ಕೇಳಿದ್ರಿ, ಹೇಳ್ತೀನಿ. ನೆಲದಡಿಯ ಕೋಟೆಯಲ್ಲಿ ಒಂದು ಬಾಗಿಲಿದೆ. ಅದರ ಚೌಕಟ್ಟಿಗೆ ಹನ್ನೆರಡು ಕುಳಿ. ಒಂದೊಂದಕ್ಕೂ ಒಂದು ಕಣ್ಣು ಕೂರಿಸ್ಬೇಕು. ಆ ಕಣ್ಣು ಮಾಡೋದು ಯಾತರಲ್ಲಿ? ನಮ್ಮ ಮೈಯೊಳಗಿನ ಮುತ್ತಿಗೆ, ಬೆಂಕಿ ಲೋಕದ ಬ್ಲೇಜ್ ಅನ್ನೋ ಪ್ರಾಣಿಯ ಪುಡಿ ಬೆರೆಸಿ. ಅಂದ್ರೆ ಮೊದಲು ನಮ್ಮವರನ್ನ ಹೊರಗೆ ಹಿಡಿದು ಕೊಲ್ಲೋದು, ಅವರ ಮುತ್ತಿನಲ್ಲಿ ಕೀಲಿ ಮಾಡೋದು, ಆ ಕೀಲಿಯಲ್ಲೇ ನಮ್ಮ ಮನೆ ಬಾಗಿಲು ತೆಗೆಯೋದು. ಕೊಡಲಿ ಕಾವು ಕುಲಕ್ಕೆ ಮೃತ್ಯು ಅಂತ ನಿಮ್ಮಲ್ಲಿ ಗಾದೆ ಇದೆಯಲ್ಲ, ಬಹುಶಃ ನಮ್ಮನ್ನ ನೋಡೇ ಕಟ್ಟಿರ್ಬೇಕು.

ನಾನು: ನಮ್ಮಲ್ಲೂ ಪುಂಡಾನೆ ಹಿಡಿಯೋಕೆ ದುಬಾರೆಯಿಂದ, ಸಕ್ರೆಬೈಲಿಂದ ಸಾಕಾನೆ ತರ್ತಾರೆ.

ಎಂಡರ್‌ಮ್ಯಾನ್: ಅಷ್ಟಾದ್ರೂ ಬದುಕಿದ ಆನೆ. ನಮ್ಮದು ಬರೀ ಕಣ್ಣು.

ನಾನು: ಆದರೂ ನಿಮ್ಮ ಮೇಲೆ ಒಂದು ದೂರಿದೆ. ಕಂಡವರ ಜಾಗದ ಮಣ್ಣು ಎತ್ತಿಕೊಂಡು ಹೋಗ್ತೀರಿ. ಇದು ಒತ್ತುವರಿ ಅಲ್ವಾ?

ಎಂಡರ್‌ಮ್ಯಾನ್: (ಬಹಳ ಹೊತ್ತು ನಗುತ್ತಾರೆ. ಉಲ್ಟಾ ಹಾಕಿದರೂ ಅದು ನಗುವೇ.) ಗೌಡ್ರೆ, ನೀವು ಆ ಮಾತು ಆಡಿದ ಕೂಡಲೇ ನಿಮ್ಮ ಕೈ ಯಾಕೆ ಹೆಗಲಿಗೆ ಹೋಯ್ತು? ಕುಂಬಳಕಾಯಿ ಇರೋದು ತಲೆ ಮೇಲೆ.

ನಾನು: ಸೊಳ್ಳೆ ಕಚ್ಚಿತು. ಮುಂದಕ್ಕೆ ಹೇಳಿ.

ಎಂಡರ್‌ಮ್ಯಾನ್: ನಾನು ಎತ್ತೋದು ಒಂದು ಸಲಕ್ಕೆ ಒಂದೇ ಹೆಂಟೆ. ಮಣ್ಣು, ಮರಳು, ಜೇಡಿ, ಹೂವು, ಅಣಬೆ, ಇಂಥವು. ಸ್ವಲ್ಪ ಹೊತ್ತು ಹಿಡ್ಕೊಂಡು ತಿರುಗಿ ಎಲ್ಲೋ ಒಂದು ಕಡೆ ಇಡ್ತೀನಿ. ಯಾಕೆ ಎತ್ತಿದೆ ಅಂತ ನನಗೂ ಗೊತ್ತಿಲ್ಲ, ಆದ್ರೆ ಇಟ್ಟಿದ್ದು ನನ್ನದು ಅಂತ ಯಾವತ್ತೂ ಹೇಳಿಲ್ಲ. ನಿಮ್ಮವರು ಬೇಲಿ ಎತ್ತಿದ್ರೆ ಅದು ಆಚೆಗೇ ಹೋಗುತ್ತೆ. ಈಚೆ ಬಂದ ಬೇಲಿ ಮಲೆನಾಡಲ್ಲಿ ಎಲ್ಲಾದ್ರೂ ಇದ್ರೆ ತೋರಿಸಿ, ನಾನೇ ಹೂ ಎತ್ತಿಕೊಂಡು ಬಂದು ಪೂಜೆ ಮಾಡ್ತೀನಿ. ಇನ್ನೊಂದು ವಿಷಯ. ಶುರುವಿನಲ್ಲಿ ನಾವು ಕಲ್ಲೂ ಎತ್ತುತ್ತಿದ್ವಿ. ಕಟ್ಟಿದ ಮನೆಗಳಿಗೆ ತೂತು ಬಿತ್ತು ಅಂತ ಮಕ್ಕಳು ದೂರು ಕೊಟ್ರು. ಆಟ ಮಾಡಿದವರು ಕಾನೂನು ತಿದ್ದಿದ್ರು, ಎತ್ತೋ ಪಟ್ಟಿ ಕಮ್ಮಿ ಆಯ್ತು. ನಿಮ್ಮಲ್ಲೂ ಕಾನೂನು ತಿದ್ದುತ್ತಾರೆ. ತಿದ್ದಿದ ಮೇಲೆ ಎತ್ತಿದ್ದೆಲ್ಲ ಸಕ್ರಮ.

ನಾನು: ಸಣ್ಣ ಹಿಡುವಳಿದಾರರ ಕಷ್ಟ ನಿಮಗೆ ಗೊತ್ತಿಲ್ಲ. ಎರಡೆಕರೆಯವನನ್ನೂ ಇನ್ನೂರು ಎಕರೆಯವನನ್ನೂ ಒಂದೇ ತಕ್ಕಡಿಗೆ ಹಾಕಬಾರದು.

ಎಂಡರ್‌ಮ್ಯಾನ್: ನಾನು ಹಾಕಿಲ್ಲ. ಎರಡೆಕರೆಯವನನ್ನ ಮುಂದೆ ನಿಲ್ಲಿಸಿ, ಅವನ ಬೆನ್ನ ಹಿಂದೆ ಇನ್ನೂರು ಎಕರೆಯವರು ಕೂತಿರ್ತಾರೆ ಅಂದೆ. ಅಂದಿರ್ಲಿಲ್ವಾ? ಈಗ ಅಂದೆ.

ನಾನು: ವಿಷಯಾಂತರ ಬೇಡ. ನಿಮ್ಮ ಡ್ರ್ಯಾಗನ್ ಬಗ್ಗೆ ಹೇಳಿ.

ಎಂಡರ್‌ಮ್ಯಾನ್: ದೊಡ್ಡವರು. ಸುತ್ತ ಹತ್ತು ಕರಿಕಲ್ಲಿನ ಕಂಬ, ಒಂದೊಂದರ ತುದಿಗೂ ಒಂದು ಹರಳು. ಅವರಿಗೆ ಎಷ್ಟೇ ಪೆಟ್ಟು ಬಿದ್ರೂ ಆ ಹರಳುಗಳು ಕೂತಲ್ಲಿಂದಲೇ ವಾಸಿ ಮಾಡ್ತಾವೆ. ಅದಕ್ಕೇ ಬುದ್ಧಿ ಇರೋ ಹುಡುಗರು ಅವರನ್ನ ಮುಟ್ಟೋದೇ ಇಲ್ಲ, ಮೊದಲು ಕಂಬ ಹತ್ತಿ ಹರಳು ಒಡೀತಾರೆ. ಎರಡಕ್ಕೆ ಕಬ್ಬಿಣದ ಪಂಜರ ಬೇರೆ.

ನಾನು: ನಮ್ಮಲ್ಲಿ ಅದಕ್ಕೆ ಹೈಕಮಾಂಡ್ ಅಂತೀವಿ.

ಎಂಡರ್‌ಮ್ಯಾನ್: ಪಂಜರದೊಳಗಿರೋದಾ?

ನಾನು: ಅದನ್ನ ಬರೆಯಲ್ಲ. ಡ್ರ್ಯಾಗನ್ ಸತ್ತರೆ ಏನು ಸಿಗುತ್ತೆ?

ಎಂಡರ್‌ಮ್ಯಾನ್: ಮೊದಲ ಸಲ ಕೊಂದರೆ 12,000 ಅನುಭವದ ಅಂಕ. ನಾಲ್ಕು ಹರಳು ಇಟ್ಟು ಅವರನ್ನ ಮತ್ತೆ ಎಬ್ಬಿಸಿ ಕೊಂದರೆ ಬರೀ 500.

ನಾನು: ಇದು ಕಾಫಿ ರೇಟಿನ ಹಾಗೇ ಆಯ್ತಲ್ಲ! 1994ರಲ್ಲಿ ಬ್ರೆಜಿಲ್‌ನಲ್ಲಿ ಹಿಮ ಬಿದ್ದು ನಮಗೆ ಬೆಲೆ ಬಂತು. ಆಗ ಜೀಪು ಕೊಂಡವರು, 2001-02ರ ಹೊತ್ತಿಗೆ ಅದೇ ಜೀಪಿಗೆ ಡೀಸೆಲ್ ಹಾಕಿಸೋಕೆ ಮೆಣಸಿನ ಬಳ್ಳಿ ಮುಖ ನೋಡಿದ್ರು.

ಎಂಡರ್‌ಮ್ಯಾನ್: ನಿಮಗೆ ಡ್ರ್ಯಾಗನ್ ಇಲ್ವಾ?

ನಾನು: ಇತ್ತು. ತೀರಾ ಚಿಕ್ಕದು. ನಮ್ಮ ಮೂಡಿಗೆರೆಯ ತೇಜಸ್ವಿಯವರು 1980ರಲ್ಲಿ ‘ಕರ್ವಾಲೊ’ ಅಂತ ಕಾದಂಬರಿ ಬರೆದರು. ಒಂದು ಹಾರುವ ಓತಿಯ ಹಿಂದೆ ವಿಜ್ಞಾನಿ, ರೈತ, ಜೇನು ಹಿಡಿಯೋನು, ಅಡುಗೆಯವನು, ಒಂದು ನಾಯಿ ಎಲ್ಲ ಸೇರಿ ಕಾಡು ಅಲೆದರು. ಕೊನೆಗೆ ಸಿಕ್ಕಿತು ಅನ್ನೋ ಹೊತ್ತಿಗೆ ಕಮರಿಯ ಅಂಚಿಂದ ಹಾರಿ ಹೋಯ್ತು.

ಎಂಡರ್‌ಮ್ಯಾನ್: ಯಾರೂ ಕೊಲ್ಲಲಿಲ್ವಾ?

ನಾನು: ಇಲ್ಲ.

ಎಂಡರ್‌ಮ್ಯಾನ್: ಅಂಕ?

ನಾನು: ಸೊನ್ನೆ. ಆದರೂ ಜನ ಇನ್ನೂ ಓದ್ತಾರೆ.

ಎಂಡರ್‌ಮ್ಯಾನ್: (ತಲೆ ಅಲ್ಲಾಡಿಸಿ) ವಿಚಿತ್ರ ಊರು. ನಮ್ಮಲ್ಲಿ ಡ್ರ್ಯಾಗನ್ ಸತ್ತ ಮೇಲೆ ಐರ್ಲೆಂಡಿನ ಜೂಲಿಯನ್ ಗಾಫ್ ಬರೆದ ಉದ್ದದ ಪಠ್ಯ ಒಂದು ತೆರೆ ಮೇಲೆ ಏಳುತ್ತೆ. ಬದುಕು, ಕನಸು ಅಂತೆಲ್ಲ ಇದೆ. ನಿಮ್ಮ ಹುಡುಗರು ಒಂದು ಗುಂಡಿ ಒತ್ತಿ ಹಾರಿಸ್ತಾರೆ.

ನಾನು: ಹಾರೋದು ಅಂದ್ರೆ, ಅಲ್ಲಿ ಯಾವುದೋ ರೆಕ್ಕೆ ಸಿಗುತ್ತಂತಲ್ಲ?

ಎಂಡರ್‌ಮ್ಯಾನ್: ಎಲಿಟ್ರಾ. ನಿಮ್ಮ ಓತಿಗೆ ಇದ್ದಂಥದ್ದೇ, ಬಡಿಯೋಕೆ ಬರಲ್ಲ, ಎತ್ತರದಿಂದ ತೇಲಿ ಇಳೀಬಹುದು. 2016ರಲ್ಲಿ ನಮ್ಮ ನಡುಗಡ್ಡೆಯ ಆಚೆ ಹೊಸ ಬಡಾವಣೆ ಮಾಡಿದ್ರು. ಹೊರ ದ್ವೀಪಗಳು, ನೇರಳೆ ಇಟ್ಟಿಗೆಯ ಊರುಗಳು, ತೇಲೋ ಹಡಗು. ರೆಕ್ಕೆ ಇರೋದು ಆ ಹಡಗಿನಲ್ಲಿ. ಕಾವಲಿಗೆ ಶಲ್ಕರ್ ಅಂತ ಒಂದು ಪ್ರಾಣಿ. ಗೋಡೆಗೆ ಅಂಟಿದ ಪೆಟ್ಟಿಗೆಯೊಳಗೇ ಅದರ ಸಂಸಾರ. ಮುಚ್ಚಳ ಎತ್ತುತ್ತೆ, ಒಂದು ಗುಂಡು ಹಾರಿಸುತ್ತೆ, ಮುಚ್ಚಳ ಹಾಕ್ಕೊಳುತ್ತೆ.

ನಾನು: ಗೊತ್ತು. ಕೌಂಟರಿನಲ್ಲಿ ಕೂತಿರುತ್ತೆ, ‘ನಾಳೆ ಬನ್ನಿ’ ಅನ್ನುತ್ತೆ.

ಎಂಡರ್‌ಮ್ಯಾನ್: ಇದರ ಗುಂಡು ತಾಗಿದ್ರೆ ನೀವು ಸುಮ್ಮನೆ ಮೇಲೆ ಮೇಲೆ ತೇಲಿ ಹೋಗ್ತೀರಿ. ಬಹಳ ಹಗುರ ಅನ್ನಿಸುತ್ತೆ. ಆಮೇಲೆ ದೊಪ್ಪನೆ.

ನಾನು: ಅದು ಚುನಾವಣೆ. ಇರಲಿ, ಅಲ್ಲಿಗೆ ಬಂದವರು ರಾತ್ರಿ ಎಲ್ಲಿ ಉಳೀತಾರೆ? ನಮ್ಮಲ್ಲಿ ಹೋಂಸ್ಟೇಗಳಿವೆ. ಒಂದೆರಡು ರೂಮು ಹಾಕಿದ್ರೆ...

ಎಂಡರ್‌ಮ್ಯಾನ್: ನಮ್ಮಲ್ಲಿ ಹಾಸಿಗೆ ಹಾಸಿ ಮಲಗೋಕೆ ಹೋದ್ರೆ ಹಾಸಿಗೆ ಸಿಡಿಯುತ್ತೆ. ನಿಮ್ಮ ಹುಡುಗರು ಅದನ್ನೇ ಬಾಂಬ್ ಮಾಡ್ಕೊಂಡು ಡ್ರ್ಯಾಗನ್ ಮುಖಕ್ಕೆ ಹಿಡೀತಾರೆ. ತಾವೂ ಸಾಯ್ತಾರೆ, ಆದ್ರೆ ಚಿಂತೆಯಿಲ್ಲ, ಮೇಲಿನ ಲೋಕದ ತಮ್ಮ ಮನೆ ಹಾಸಿಗೆಯಲ್ಲಿ ಎದ್ದು ಕೂರ್ತಾರೆ.

(ಈ ಮಾತಿಗೆ ನನಗೆ ನಗು ಬರಲಿಲ್ಲ. ಕಾಫಿ ಕೊಯ್ಯಲು ಬೆಳಗಿನ ಮಂಜಿನಲ್ಲಿ ಕುಕ್ಕೆ ಕಟ್ಟಿಕೊಂಡು ಹೋದ ಹೆಂಗಸು ಆನೆಗೆ ಸಿಕ್ಕರೆ ಲೈನ್ ಮನೆಯ ಚಾಪೆಯಲ್ಲಿ ಮತ್ತೆ ಎದ್ದು ಕೂರುವುದಿಲ್ಲ. ಅಂಥ ದಿನ ರಸ್ತೆ ತಡೆ ಆಗುತ್ತದೆ, ಪರಿಹಾರದ ಮಾತು ಆಗುತ್ತದೆ, ಮಾರನೇ ದಿನ ಅದೇ ಪಟ್ಟಿಗೆ ಬೇರೆ ಹೆಂಗಸು ಹೋಗುತ್ತಾಳೆ. ಸಾಹುಕಾರರು ಹೋಗುವುದು ಜೀಪಿನಲ್ಲಿ.)

ನಾನು: ಕೆಳಗಿನ ಶೂನ್ಯಕ್ಕೆ ಬಿದ್ದರೆ?

ಎಂಡರ್‌ಮ್ಯಾನ್: ಆಳು ಹೋಗ್ತಾನೆ, ಹೊತ್ತಿದ್ದ ಸಾಮಾನೂ ಹೋಗುತ್ತೆ. ಏನೂ ವಾಪಸ್ ಬರಲ್ಲ.

ನಾನು: ನಮ್ಮ ಅಲ್ಲಮಪ್ರಭುಗಳು ಶೂನ್ಯಕ್ಕೇ ಸಿಂಹಾಸನ ಹಾಕಿ ಕೂತವರು.

ಎಂಡರ್‌ಮ್ಯಾನ್: ನಮ್ಮದರಲ್ಲಿ ಕೂರೋಕೆ ಜಾಗ ಇಲ್ಲ ಗೌಡ್ರೆ. ಬೀಳ್ತಾ ಇರೋದು ಅಷ್ಟೆ... ಅದಿರಲಿ, ನನಗೊಂದು ಉಪಕಾರ ಆಗ್ಬೇಕು. ಒತ್ತುವರಿ ಕಾಫಿ ಜಮೀನನ್ನ 25 ಎಕರೆವರೆಗೆ 30 ವರ್ಷ ಗುತ್ತಿಗೆ ಕೊಡ್ತಾರಂತೆ. ನಮ್ಮ ನಡುಗಡ್ಡೆಗೂ ಒಂದು ಅರ್ಜಿ ಹಾಕಬಹುದಾ? ಕಾಗದ ಒಂದಿದ್ರೆ ನಿಮ್ಮ ಮೊಮ್ಮಗ ಬಂದಾಗ ತೋರಿಸ್ತೀನಿ.

ನಾನು: ಸರ್ವೆ ಆಗ್ಬೇಕು.

ಎಂಡರ್‌ಮ್ಯಾನ್: ಅಲ್ಲಿ ದಿಕ್ಸೂಚಿ ಕೆಲಸ ಮಾಡಲ್ಲ. ಮುಳ್ಳು ಸುಮ್ಮನೆ ಗಿರ್ರನೆ ತಿರುಗುತ್ತೆ.

ನಾನು: ಅದೇನೂ ತೊಂದರೆಯಿಲ್ಲ, ಇಲ್ಲೂ ಒಬ್ಬೊಬ್ಬರು ಬಂದಾಗ ಒಂದೊಂದು ಕಡೆ ತಿರುಗುತ್ತೆ. ಆದರೆ 2005ರ ಜನವರಿ 1ಕ್ಕಿಂತ ಮೊದಲೇ ಸಾಗುವಳಿಯಲ್ಲಿರ್ಬೇಕು. ನೀವು ಯಾವಾಗಿಂದ ಇದ್ದೀರಿ?

ಎಂಡರ್‌ಮ್ಯಾನ್: ನಮ್ಮ ಲೋಕ ಹುಟ್ಟಿದ್ದೇ 2011ರಲ್ಲಿ. ಅವತ್ತಿಂದ ನಾವಿದ್ದೀವಿ. ನಮಗಿಂತ ಮುಂಚೆ ಅಲ್ಲಿ ಯಾರೂ ಇರ್ಲಿಲ್ಲ.

ನಾನು: ಹಾಗಾದ್ರೆ ಕಾನೂನಿನ ಲೆಕ್ಕದಲ್ಲಿ ನೀವೇ ಒತ್ತುವರಿದಾರರು. ಅದೂ ತಡವಾಗಿ ಬಂದವರು.

ಎಂಡರ್‌ಮ್ಯಾನ್: ನಮ್ಮ ಸ್ವಂತ ಊರಲ್ಲಿ?

ನಾನು: ಕಾಗದದಲ್ಲಿ ಊರು ಯಾರದು ಅಂತಿರಲ್ಲ, ತಾರೀಕು ಇರುತ್ತೆ. ಬೇಜಾರು ಮಾಡ್ಕೋಬೇಡಿ. ಹಳೇ ತಾರೀಕಿನ ದಾಖಲೆ ಹೊಂದಿಸಿ ಕೊಡೋ ಜನ ಇದ್ದಾರೆ, ನನಗೆ ಪರಿಚಯ. ಸ್ವಲ್ಪ ಖರ್ಚಾಗುತ್ತೆ. ನಿಮ್ಮ ಹತ್ತಿರ ಮುತ್ತು ಎಷ್ಟಿದೆ?

ಎಂಡರ್‌ಮ್ಯಾನ್: ಒಂದಿದ್ದರೂ ಇರಬಹುದು, ಇಲ್ಲದೆಯೂ ಇರಬಹುದು. ನನ್ನನ್ನ ಕೊಂದ ಮೇಲೇ ಗೊತ್ತಾಗೋದು ಗೌಡ್ರೆ.