ನಾನು ಹೊಡಿಯಂಗಿಲ್ರೀ, ತಾಗ್ತೀನಿ!

ದಸರೆಗೆ ಇನ್ನು ಎಂಟು ದಿನ. ದೇವರಗಟ್ಟಿನ ಸುತ್ತಲ ಒಂದು ಊರು. ಊರ ಹೆಸರು ಬೇಡ, ಪೊಲೀಸರು ಬಡಿಗೆ ಹುಡುಕುತ್ತ ತಿರುಗುವ ಕಾಲ. ನಾನು ಸಂದರ್ಶನ ಮಾಡಬೇಕಾದವರು ಅಟ್ಟದ ಮೇಲೆ ಜೋಳದ ಚೀಲಗಳ ಹಿಂದೆ ಮಲಗಿದ್ದರು. ಆಳೆತ್ತರದ ದೇಹ, ಎಣ್ಣೆ ಕುಡಿದ ಮೈ, ತುದಿಯಲ್ಲಿ ಕಬ್ಬಿಣದ ಬಳೆಗಳು. ಮನೆಯ ಯಜಮಾನ ಏಣಿ ತೋರಿಸಿ, ಬೆಳಕು ಕಣ್ಣಿಗೆ ಚುಚ್ಚುತ್ತದೆಂದು ಒಳಕೋಣೆಗೆ ಹೋಗಿ ಮಲಗಿದ.

ಗೊತ್ತಿಲ್ಲದವರಿಗೆ ಎರಡು ಮಾತು. ಕರ್ನೂಲು ಜಿಲ್ಲೆಯ ಪಡುವಣ ಅಂಚಿನ ಹೊಳಗುಂದ ಮಂಡಲದಲ್ಲಿ ದೇವರಗಟ್ಟು ಇದೆ. ಗುಡ್ಡದ ಮೇಲೆ ಮಾಳಮಲ್ಲೇಶ್ವರನ ಗುಡಿ. ವಿಜಯದಶಮಿಯ ನಡುರಾತ್ರಿ ಉತ್ಸವಮೂರ್ತಿಗಳು ಇಳಿದು ಬರುವಾಗ ನೆರಣಿಕಿ, ನೆರಣಿಕಿ ತಾಂಡಾ, ಕೊತ್ತಪೇಟೆಯವರು ಕಾವಲು. ಅರಿಕೆರ, ಎಳ್ಳಾರ್ತಿ, ವಿರೂಪಾಪುರದ ಕಡೆಯವರು ಎದುರು. ಪಂಜಿನ ಬೆಳಕು, ಸಾವಿರಾರು ಬಡಿಗೆ. ಬೆಳಿಗ್ಗೆ ಆದೋನಿ, ಆಲೂರಿನ ಆಸ್ಪತ್ರೆಗಳಲ್ಲಿ ಹೊಲಿಗೆ.

ನಾನು: ನಮಸ್ಕಾರ ಬಡಿಗೆಪ್ಪನವರೇ. ತೆಲುಗು ಪತ್ರಿಕೆಗಳು ನಿಮ್ಮ ಹಬ್ಬವನ್ನು 'ಕರ್ರಲ ಸಮರಂ', ಅಂದರೆ ಬಡಿಗೆಗಳ ಕಾಳಗ, ಅನ್ನುತ್ತವೆ. ನೀವು ಏನನ್ನುತ್ತೀರಿ?

ಬಡಿಗೆ: ಬನ್ನಿ ಅಂತೀವಿ. ತೆಲುಗರು ಮರಕ್ಕ ಜಮ್ಮಿ ಅಂತಾರ, ಖರೆ. ಆದ್ರ ಇಲ್ಲಿ ತೆಲುಗಿನೋರೂ ಹಬ್ಬಕ್ಕ ಬನ್ನಿ ಅಂತಾನ ಅಂತಾರ. 1953ರಾಗ ಆದೋನಿ, ಆಲೂರು, ರಾಯದುರ್ಗ ತಾಲ್ಲೂಕು ಆಂಧ್ರಕ್ಕ ಹೋದ್ವು, ಬಳ್ಳಾರಿ ಮೈಸೂರಿಗೆ ಹೋತು. ಗೆರಿ ಎಳದೋರು ಬನ್ನಿ ಮ್ಯಾಲ ಎಳಿಯೋದು ಮರತ್ರು. ನಮಗೇನೂ ತ್ರಾಸಿಲ್ಲ ಬಿಡ್ರಿ. ತಲಿಗೆ ಬಿದ್ದಾಗ 'ಅಮ್ಮಾ' ಅನ್ನೋದು ಎರಡೂ ಭಾಷಿಯಾಗ ಒಂದ ಐತಿ.

ನಾನು: ಅಂದರೆ ತಲೆಗೆ ಹೊಡೆಯುವುದನ್ನು ಒಪ್ಪಿಕೊಂಡಿರಿ.

ಬಡಿಗೆ: ಎಲ್ಲಿ ಒಪ್ಪೀನಿ? ನಾನು ಹೊಡಿಯಂಗಿಲ್ರೀ, ತಾಗ್ತೀನಿ. ಹಬ್ಬಕ್ಕ ಮೊದಲ ಊರೋರು ಹಾಲು ಮುಟ್ಟಿ ಭಾಷಿ ಕೊಡ್ತಾರ, ದ್ವೇಷ ಇಟ್ಟುಕೊಳ್ಳಂಗಿಲ್ಲ ಅಂತ. ದ್ವೇಷ ಇಲ್ಲದ ಏಟಿಗೆ ಏಟು ಅಂತಾರೇನು? ನಾನು ದೇವರನ್ನ ಕಾಯಾಕ ಎದ್ದಿರ್ತೀನಿ, ನಡುವ ತಲಿ ಬರ್ತಾವ.

ನಾನು: 2023ರಲ್ಲಿ ಮೂವರು ಸತ್ತರಲ್ಲ?

ಬಡಿಗೆ: ಒಬ್ಬಂದು ಮರದ ಕೊಂಬಿ ಮುರದು ಆಗಿದ್ದು. ಅದನ್ನ ಮರದ ಖಾತೆಗೆ ಬರೀರಿ.

ನಾನು: ಬಹಳ ನಾಜೂಕಿನ ಲೆಕ್ಕ. ಇದೇ ಲೆಕ್ಕವನ್ನು ಅಮೆರಿಕದಲ್ಲೂ ಬರೆದಿದ್ದಾರೆ, ಗೊತ್ತೆ? ಅಲ್ಲಿ ಫುಟ್‌ಬಾಲ್ ಅನ್ನುವ ಆಟವನ್ನು ಕೈಯಲ್ಲಿ ಆಡುತ್ತಾರೆ.

ಬಡಿಗೆ: ಕೈಯಾಗ ಆಡೋದಕ್ಕ ಫುಟ್‌ಬಾಲ್! ಹೆಸರಿಡೋದ್ರಾಗ ನಾವ ಮೇಲು.

ನಾನು: ಅಲ್ಲಿನ ವೃತ್ತಿಪರ ಲೀಗ್ 1994ರಲ್ಲಿ ಆಟಗಾರರ ತಲೆಪೆಟ್ಟಿನ ಬಗ್ಗೆ ಒಂದು ವೈದ್ಯ ಸಮಿತಿ ಮಾಡಿತು. ಅಧ್ಯಕ್ಷರು ಕೀಲುವಾತದ ತಜ್ಞರು.

ಬಡಿಗೆ: ತಲಿ ನೋಡಾಕ ಮೊಣಕಾಲಿನ ಡಾಕ್ಟರು? ಪಾಪ, ಎಲ್ಲಾ ಕಡಿ ಒಂದ ಹಾಡು.

ನಾನು: ಆ ಸಮಿತಿ ಬಹಳ ವರ್ಷ 'ದೊಡ್ಡ ಅಪಾಯವೇನಿಲ್ಲ' ಎಂದೇ ಹೇಳಿತು. 2002ರಲ್ಲಿ ಮೈಕ್ ವೆಬ್‌ಸ್ಟರ್ ಎಂಬ ಹೆಸರಾಂತ ಆಟಗಾರ ತೀರಿಕೊಂಡ. ಪಿಟ್ಸ್‌ಬರ್ಗಿನಲ್ಲಿ ಬೆನೆಟ್ ಒಮಾಲು ಎಂಬ ನೈಜೀರಿಯಾ ಮೂಲದ ವೈದ್ಯರು ಅವನ ಮಿದುಳನ್ನು ಸೂಕ್ಷ್ಮದರ್ಶಕದಲ್ಲಿ ನೋಡಿದರು. ಹೊರಗಿಂದ ನೆಟ್ಟಗೇ ಇದ್ದ ಮಿದುಳಿನ ಒಳಗೆ, ವರ್ಷಗಟ್ಟಲೆ ತಿಂದ ಪೆಟ್ಟುಗಳ ಕಲೆ. 2005ರಲ್ಲಿ ಅದನ್ನು ಅವರು ಪ್ರಕಟಿಸಿದಾಗ ಸಮಿತಿಯ ವೈದ್ಯರು, 'ಲೇಖನ ವಾಪಸು ತಗೊಳ್ಳಿ' ಎಂದು ಪತ್ರ ಬರೆದರು.

ಬಡಿಗೆ: ತಗೊಂಡ್ರೇನು?

ನಾನು: ಇಲ್ಲ. ಕೊನೆಗೆ ಸಾವಿರಾರು ಮಾಜಿ ಆಟಗಾರರು ಕೋರ್ಟಿಗೆ ಹೋಗಿ, ಲೀಗ್ ಸುಮಾರು ನೂರು ಕೋಟಿ ಡಾಲರಿನ ಪರಿಹಾರಕ್ಕೆ ಒಪ್ಪಬೇಕಾಯಿತು.

ಬಡಿಗೆ: (ಚೀಲದ ಹಿಂದೆ ಇನ್ನಷ್ಟು ಸರಿದು) ಆದ್ರ ನಮ್ಮಲ್ಲಿ ಔಷಧ ಐತಲ್ರೀ. ಭಂಡಾರ! ತಲಿ ಒಡದ್ರ ಒಂದು ಹಿಡಿ ಅರಿಶಿಣ ಒತ್ತೋದು, ರುಮಾಲು ಬಿಗಿಯೋದು, ಮತ್ತ ಗದ್ದಲದಾಗ ನುಗ್ಗೋದು.

ನಾನು: ಅರಿಶಿಣ ಚರ್ಮಕ್ಕೆ. ಒಳಪೆಟ್ಟಿಗೆ?

ಬಡಿಗೆ: ಒಳಪೆಟ್ಟಾ? ರಕ್ತ ಬರದಿದ್ರ ಅದು ಪೆಟ್ಟ ಅಲ್ಲ. ಪೇಪರಿನಾಗ 'ನೂರು ಮಂದಿಗೆ ಗಾಯ' ಅಂತ ಬರೀತೀರಲ್ಲ, ಅವರೆಲ್ಲಾ ಹೊಲಿಗಿ ಹಾಕಿಸಿಕೊಂಡೋರು. ತಲಿ ಗಿಮ್ಮಂದು, ಕಣ್ಣಿಗೆ ಕತ್ತಲಿ ಬಂದು, ಮನಿಗೆ ಹೋಗಿ ಮಲಗಿದೋರನ್ನ ನೀವೂ ಎಣಿಸಿಲ್ಲ, ನಾನೂ ಎಣಿಸಿಲ್ಲ.

ಇದಕ್ಕೆ ನನ್ನ ಬಳಿ ಉತ್ತರವಿರಲಿಲ್ಲ. ಪತ್ರಿಕೆಯವರಿಗೆ ಬ್ಯಾಂಡೇಜ್ ಕಟ್ಟಿದ ತಲೆ ಬೇಕು, ಫೋಟೊಗೆ ಅದೇ ಚೆಂದ. ಬರಿಯ ತಲೆ ಹಿಡಿದು ಕಟ್ಟೆಯ ಮೇಲೆ ಕೂತವನ ಫೋಟೊ ಯಾರು ಹಾಕುತ್ತಾರೆ?

ನಾನು: ಗಡಿಗೆಯಲ್ಲಿ ಮೊಸರಿಟ್ಟುಕೊಂಡು ಎತ್ತಿನ ಬಂಡಿಯಲ್ಲಿ ಹೋಗಿದ್ದೀರಾ? ಗಾಲಿ ತಗ್ಗಿಗೆ ಬಿದ್ದರೆ ಗಡಿಗೆಗೆ ಏನೂ ಆಗುವುದಿಲ್ಲ, ಮೊಸರು ಕಲಕಿರುತ್ತದೆ. ಬುರುಡೆಯೊಳಗಿನ ಮಿದುಳೂ ಹಾಗೆಯೇ, ನೀರಿನಂಥ ದ್ರವದಲ್ಲಿ ತೇಲುತ್ತಿರುತ್ತದೆ. ಏಟಿಗೆ ಜಗ್ಗಿ, ತಿರುಚಿ, ಅದರ ಎಳೆಗಳು ಸೆಳೆದುಕೊಳ್ಳುತ್ತವೆ. ಇದಕ್ಕೇ ಕನ್ಕಷನ್ ಅನ್ನುವುದು. ಬಹುಪಾಲು ಮಂದಿಗೆ ಎಚ್ಚರ ಕೂಡ ತಪ್ಪುವುದಿಲ್ಲ. ಸ್ಕ್ಯಾನ್ ಮಾಡಿದರೂ ಎಷ್ಟೋ ಸಲ ಏನೂ ಕಾಣುವುದಿಲ್ಲ.

ಬಡಿಗೆ: ಹಂಗಾದ್ರ ಹೆಲ್ಮೆಟ್ಟು ಹಂಚ್ರಿ. ನನಗೂ ಆಡಾಕ ಬಿರುಸು.

ನಾನು: ಗಡಿಗೆಗೆ ಗೋಣಿತಟ್ಟು ಸುತ್ತಿದರೆ ಗಡಿಗೆ ಒಡೆಯುವುದಿಲ್ಲ. ಮೊಸರು ಕಲಕುವುದು ನಿಲ್ಲುತ್ತದೆಯೆ? ಅಮೆರಿಕದವರ ತಲೆಯ ಮೇಲೆ ಭಾರಿ ಹೆಲ್ಮೆಟ್ಟಿತ್ತು. ಬುರುಡೆ ಉಳಿಯಿತು. ಆದರೆ ಹೆಲ್ಮೆಟ್ ಇದೆಯೆಂಬ ಧೈರ್ಯದಲ್ಲಿ ತಲೆಯನ್ನೇ ಮುಂದಿಟ್ಟು ಗುದ್ದಲು ಕಲಿತರು.

ಬಡಿಗೆ: ಕಾಲಿಲೆ ಆಡೋ ಫುಟ್‌ಬಾಲಿನಾಗ ಬಡಿಗಿನೂ ಇಲ್ಲ, ಗುದ್ದೋದೂ ಇಲ್ಲ. ಅಲ್ಲಿಯೋರು ಆರಾಮ ಅದಾರಲ್ಲ?

ನಾನು: ಅಲ್ಲಿ ಚೆಂಡನ್ನು ತಲೆಯಿಂದ ಹೊಡೆಯುತ್ತಾರೆ. ಇಂಗ್ಲೆಂಡಿನ ಜೆಫ್ ಆಸಲ್ ಅದರಲ್ಲಿ ನಿಸ್ಸೀಮ. 59ನೇ ವಯಸ್ಸಿಗೆ ಮರೆವಿನ ರೋಗದಲ್ಲಿ ಸತ್ತ. 2002ರಲ್ಲಿ ಸಾವಿನ ವಿಚಾರಣೆ ನಡೆಸಿದ ಅಧಿಕಾರಿ ಅದನ್ನು 'ಕಸುಬಿನಿಂದ ಬಂದ ರೋಗ' ಎಂದು ಬರೆದರು. 2015ರಲ್ಲಿ ಅಮೆರಿಕದ ಸಾಕರ್ ಒಕ್ಕೂಟ ಹತ್ತು ವರ್ಷದವರೆಗಿನ ಮಕ್ಕಳು ತಲೆಯಿಂದ ಚೆಂಡು ಮುಟ್ಟಲೇಬಾರದು ಎಂದಿತು. ಅದು ಗಾಳಿ ತುಂಬಿದ ಚೆಂಡು ಸ್ವಾಮಿ. ನಿಮ್ಮ ತುದಿಯಲ್ಲಿ ಏನಿದೆ?

ಬಡಿಗೆ: ...ಬಳಿ ಅದಾವ. ಅಲಂಕಾರಕ್ಕ.

ನಾನು: ಅಲಂಕಾರ ತೆಗೆದಿಟ್ಟು ಬರಬಹುದಲ್ಲ?

ಬಡಿಗೆ: ಪೊಲೀಸರೂ ಅದನ್ನ ಹೇಳ್ತಾರ. ಊರೂರಿಗೆ ಬಂದು ಸಭಿ ಮಾಡ್ತಾರ, ಕ್ಯಾಮೆರಾ ಕಟ್ತಾರ, ಡ್ರೋನು ಹಾರಸ್ತಾರ. ಡ್ರೋನು ಮ್ಯಾಲಿಂದ ಬಾಳ ಚೆಂದ ನೋಡ್ತೈತಿ. ಕೆಳಗ ಬರಂಗಿಲ್ಲ.

ನಾನು: ಎಷ್ಟೋ ಆಟಗಳಲ್ಲಿ ಈಗ ಒಂದು ನಿಯಮವಿದೆ. ತಲೆಗೆ ಪೆಟ್ಟು ಬಿತ್ತೆಂಬ ಅನುಮಾನ ಬಂದರೂ ಸಾಕು, ಅವನು ಹೊರಗೆ. ಆ ದಿನ ಮತ್ತೆ ಒಳಗಿಲ್ಲ. 2020ರಲ್ಲಿ ಕ್ಯಾನ್‌ಬೆರಾದ ಕ್ರಿಕೆಟ್ ಪಂದ್ಯದಲ್ಲಿ ಜಡೇಜನ ಹೆಲ್ಮೆಟ್ಟಿಗೆ ಚೆಂಡು ಬಡಿದು, ಅವನ ಬದಲು ಚಾಹಲ್ ಬಂದು ಬೌಲ್ ಮಾಡಲಿಲ್ಲವೆ? ಯಾಕೆಂದರೆ ಮೊದಲ ಪೆಟ್ಟು ಮಾಯುವ ಮುಂಚೆ ಎರಡನೆಯದು ಬಿದ್ದರೆ ಮಿದುಳು ಊದಿ ಪ್ರಾಣವೇ ಹೋಗಬಹುದು, ಅದರಲ್ಲೂ ಎಳೆಯ ಹುಡುಗರಿಗೆ.

ಬಡಿಗೆ: ಅನುಮಾನ ಹೆಂಗ ಬರತೈತಿ?

ನಾನು: ಎಲ್ಲಿದ್ದೀಯ, ಯಾರ ವಿರುದ್ಧ ಆಡುತ್ತಿದ್ದೀಯ ಎಂದು ಕೇಳುತ್ತಾರೆ.

ಬಡಿಗೆ: (ನಕ್ಕು ಉರುಳಿ) ಬನ್ನಿ ರಾತ್ರಿ ಹನ್ನೆರಡಕ್ಕ, ಪಂಜಿನ ಹೊಗಿಯಾಗ, ಯಾರು ಯಾವ ಊರೋರು ಅಂತ ನೆಟ್ಟಗಿದ್ದೋನಿಗೂ ಗೊತ್ತಿರಂಗಿಲ್ಲ! ಮ್ಯಾಲ ಒಂದು ಕ್ವಾರ್ಟರ್ ಬಿದ್ದಿದ್ರ ಕೇಳಬ್ಯಾಡ್ರಿ.

ನಾನು: ಅಲ್ಲೇ ಇರುವುದು ಗೋಳು. ತೊದಲಿದರೆ, ಒಂದೇ ಸಮ ವಾಂತಿ ಮಾಡಿದರೆ, ತೂಕಡಿಸಿ ಬಿದ್ದರೆ 'ಕುಡಿದಾನ, ಮಲಗಲಿ' ಅನ್ನುತ್ತಾರೆ. ಅವು ಮಿದುಳಲ್ಲಿ ರಕ್ತ ಸೋರುವ ಗುರುತೂ ಹೌದು. ತಲೆನೋವು ಏರುತ್ತ ಹೋದರೆ, ಒಂದು ಕಣ್ಣಿನ ಪಾಪೆ ದೊಡ್ಡದಾದರೆ, ಫಿಟ್ಸ್ ಬಂದರೆ, ಬೆಳಗಾಗುವುದನ್ನು ಕಾಯದೆ 108ಕ್ಕೆ ಫೋನು ಮಾಡಬೇಕು.

ಬಡಿಗೆ: ಇಷ್ಟೆಲ್ಲಾ ಮಾಡಿದ್ರ ದೇವರು ಸಿಟ್ಟಾಗಂಗಿಲ್ಲೇನು?

ನಾನು: ದೇವರು ಕೇಳಿದ್ದೆಷ್ಟು, ನೀವೇ ಹೇಳಿ.

ಬಡಿಗೆ: (ದನಿ ತಗ್ಗಿಸಿ) ಮಣಿ-ಮಲ್ಲಾಸುರರನ್ನ ಶಿವ ಕೊಂದ. ಸಾಯೋ ಮುಂದ ಅವರು ವರ್ಷಕ್ಕೊಂದು ನರಬಲಿ ಕೇಳಿದ್ರಂತ. ಶಿವ ಒಲ್ಲೆ ಅಂದ. ನನ್ನ ಸೇವೆ ಮಾಡೋ ಗೊರವಯ್ಯನ ಮೈಯಿಂದ ಒಂದಿಷ್ಟು ರಕ್ತ ಕೊಡಸ್ತೀನಿ, ಸಾಕು ಅಂದ. ಇವತ್ತಿಗೂ ಗೊರವಯ್ಯ ರಕ್ಷಪಡಿ ಅನ್ನೋ ಜಾಗದಾಗ ತೊಡಿಯಿಂದ ಅದನ್ನ ಕೊಡ್ತಾನ.

ನಾನು: ಅಂದರೆ ರಾಕ್ಷಸರ ಬಾಕಿ ಗೊರವಯ್ಯನಲ್ಲೇ ಚುಕ್ತಾ. ಉಳಿದ ರಕ್ತ ಯಾರ ಲೆಕ್ಕದ್ದು?

ಬಡಿಗೆ: ಅದು... ನಮ್ಮ ಕೈ ದೊಡ್ಡದು, ಮೇಲಿಷ್ಟು.

ಅಷ್ಟರಲ್ಲಿ ಕೆಳಗೆ ಯಜಮಾನ ಎದ್ದ ಸದ್ದು. ಬಡಿಗೆಪ್ಪನವರು ಮೊದಲ ಸಲ ಪಿಸುದನಿಯಲ್ಲಿ ಮಾತಾಡಿದರು.

ಬಡಿಗೆ: ಸಾಹೇಬ್ರ, ಒಂದು ಕೇಳ್ಲಾ? ಹ್ವಾದ ಬನ್ನಿಯಾಗ ನನ್ನ ಧಣಿಗೆ ನಮ್ಮೋನ ಒಬ್ಬ ತಾಗಿದ್ದ. ಹನಿ ರಕ್ತ ಬರಲಿಲ್ಲ. ಸಿಂಹದಂಗ ಎದ್ದ, ಮತ್ತ ಬಡದಾಡಿದ. ಅಲ್ಲಿಂದ ಬಿಸಿಲಿಗೆ ಹೋಗವಲ್ಲ. ಹತ್ತಿ ಬಿಡಸೋ ಹೆಣ್ಣಾಳುಗಳ ಲೆಕ್ಕ ತಪ್ಪತಾನ, ಮಗನ ಮ್ಯಾಲ ಸುಮ್ಮಸುಮ್ಮನ ರೇಗ್ತಾನ. ಮನ್ಯಾಗ ದೃಷ್ಟಿ ತಗಸಿದ್ರು. ಅದು ಒಳಪೆಟ್ಟೇನ್ರಿ?

ಉತ್ತರ ಹೇಳುವಷ್ಟರಲ್ಲಿ ಯಜಮಾನ ಏಣಿ ಹತ್ತಿ ಬಂದ. ಬಡಿಗೆಯನ್ನು ಎತ್ತಿಕೊಂಡು ಕೆಳಗಿಳಿದ, ಎಣ್ಣೆ ಬಟ್ಟೆ ಹುಡುಕಿದ, ಮೈಯುದ್ದಕ್ಕೂ ಒರೆಸಿದ. ಸ್ವಲ್ಪ ಹೊತ್ತು ಗೋಡೆ ನೋಡುತ್ತ ನಿಂತ. ಆಮೇಲೆ ಅಡುಗೆಮನೆಯ ಕಡೆ ತಿರುಗಿ ಕೂಗಿದ:

"ಏ, ನನ್ನ ಬಡಿಗಿ ಎಲ್ಲಿಟ್ಟೀ?"

ಬಡಿಗೆ ಅವನ ಕೈಯಲ್ಲೇ ಇತ್ತು.